ಸಕ್ಕರೆಗಿಂತ ಸಾವಿರಾರು ಪಟ್ಟು ಸಿಹಿಯಾದ ಆಫ್ರಿಕಾದ ಹಣ್ಣು ನಿಜವಾಗಿಯೂ ಇದೆಯೇ? ‘ಮಿರಾಕಲ್ ಫ್ರೂಟ್’ ಎನ್ನುವುದು ಇದನ್ನೇ?

ಇದೆ. ಅದರ ಹೆಸರು ಕಾಟೆಮ್ಫೆ, ಸಸ್ಯಶಾಸ್ತ್ರದವರಿಗೆ ಥೌಮಟೋಕಾಕಸ್ ಡೇನಿಯೆಲ್ಲಿ. ಮಿರಾಕಲ್ ಫ್ರೂಟ್ ಬೇರೆಯದೇ ಗಿಡ. ಅದನ್ನು ತಿಂದ ಮೇಲೆ ನಿಂಬೆಹಣ್ಣಿನ ಹುಳಿ ಸಿಹಿಯಾಗಿ ತೋರುತ್ತದೆ, ಅಷ್ಟೇ. ಕಾಟೆಮ್ಫೆಯ ಸಿಹಿ ಅದರದೇ ಸ್ವಂತದ್ದು.

ನೈಜೀರಿಯಾದ ಇಬಾದಾನ್‌ನಲ್ಲಿ ಕೆಲವು ವರ್ಷ ಕೆಲಸಕ್ಕಿದ್ದಾಗ ನಾನು ಈ ಗಿಡವನ್ನು ಕಂಡೆ. ಪಶ್ಚಿಮ ಆಫ್ರಿಕಾದ ಮಳೆಕಾಡಿನ ನೆರಳಿನಲ್ಲಿ, ನೆಲದೊಳಗಿನ ಗೆಡ್ಡೆಯಿಂದ ಹಬ್ಬುತ್ತಾ ಹಿಂಡುಹಿಂಡಾಗಿ ಬೆಳೆಯುತ್ತದೆ. ಆರಾರೂಟ್ ಗಿಡದ ಕುಟುಂಬ. ಉದ್ದನೆಯ ದಂಟಿನ ತುದಿಯಲ್ಲಿ ಒಂದೇ ಅಗಲವಾದ ಎಲೆ, ಆಳೆತ್ತರವನ್ನೂ ಮೀರಿ ನಿಲ್ಲುತ್ತದೆ. ಹೂವನ್ನು ಮಾತ್ರ ಬಗ್ಗಿ ಹುಡುಕಬೇಕು: ತಿಳಿ ನೇರಳೆ ಬಣ್ಣದ್ದು, ಬುಡದಲ್ಲಿ, ತರಗೆಲೆಗಳ ನಡುವೆ. ಹಣ್ಣೂ ಅಲ್ಲಿಯೇ, ಮೂರು ಮೂಲೆಯ ಕೆಂಪು ಕಾಯಂತೆ. ಒಡೆದರೆ ಕಪ್ಪು ಬೀಜಗಳು, ಅವುಗಳ ಬುಡಕ್ಕೆ ಅಂಟಿದ ಬಿಳಿಯ ಮೆತ್ತನೆಯ ಭಾಗ. ಸಿಹಿಯೆಲ್ಲ ಇರುವುದು ಆ ಚೂರಿನಲ್ಲಿ.

ಬಾಯಿಗಿಟ್ಟಾಗ ಮೊದಲು ಏನೂ ಅನಿಸಲಿಲ್ಲ. ಆಮೇಲೆ ಸಿಹಿ ಮೆಲ್ಲನೆ ಏರಿತು, ಏರಿದ್ದು ಇಳಿಯಲೇ ಇಲ್ಲ. ಕೊನೆಗೆ ಜೇಷ್ಠಮಧು ಅಗಿದಂಥ ರುಚಿ ಬಹಳ ಹೊತ್ತು ಉಳಿಯಿತು. ಇದಕ್ಕೆ ಕಾರಣ ಥೌಮಟಿನ್ ಎಂಬ ಪ್ರೋಟೀನ್. ತೂಕಕ್ಕೆ ತೂಕ ಹೋಲಿಸಿದರೆ ಸಕ್ಕರೆಗಿಂತ ಸುಮಾರು 2,000ದಿಂದ 3,000 ಪಟ್ಟು ಸಿಹಿ. ಇದನ್ನು 1972ರಲ್ಲಿ ಬೇರ್ಪಡಿಸಿದರು. ಈಗ ಆಹಾರದ ಪೊಟ್ಟಣಗಳ ಮೇಲೆ ಇ 957 ಎಂದು ಕಾಣುವುದು ಇದೇ.

ಆದರೆ ಇಬಾದಾನ್‌ನ ಮಾರುಕಟ್ಟೆಯಲ್ಲಿ ನಾನು ದಿನವೂ ನೋಡುತ್ತಿದ್ದದ್ದು ಹಣ್ಣನ್ನಲ್ಲ, ಎಲೆಯ ಕಟ್ಟುಗಳನ್ನು. ಯೊರುಬಾ ಜನ ಅದನ್ನು ‘ಎವೆ ಎರಾನ್’ ಎನ್ನುತ್ತಾರೆ. ಅಲಸಂದೆಯನ್ನು ನೆನೆಸಿ, ಸಿಪ್ಪೆ ತೆಗೆದು, ಮೆಣಸಿನಕಾಯಿ ಈರುಳ್ಳಿಯೊಂದಿಗೆ ರುಬ್ಬಿ, ಈ ಎಲೆಯಲ್ಲಿ ಮಡಚಿ ಹಬೆಯಲ್ಲಿ ಬೇಯಿಸಿದರೆ ‘ಮೊಯಿ ಮೊಯಿ’. ಅರಿಶಿನ ಎಲೆಯ ಕಡುಬು ತಿಂದು ಬೆಳೆದ ನನಗೆ ಆ ಮಡಿಕೆ ಬಿಡಿಸಿದ ಮೊದಲ ದಿನವೇ ಮನೆ ನೆನಪಾಯಿತು. ಅದಕ್ಕೇ ಹೇಳುತ್ತೇನೆ, ಈ ಗಿಡವನ್ನು ಬರೀ ಸಿಹಿಯ ಲೆಕ್ಕದಲ್ಲಿ ಅಳೆಯಬೇಡಿ. ಈಗ ಅಲ್ಲಿಯೂ ಅನೇಕರು ಡಬ್ಬಿಯಲ್ಲೋ ಪ್ಲಾಸ್ಟಿಕ್ ಚೀಲದಲ್ಲೋ ಮೊಯಿ ಮೊಯಿ ಬೇಯಿಸುತ್ತಾರೆ. ಎಲೆಯ ಘಮ ಅದಕ್ಕೆ ಬರುವುದಿಲ್ಲ.