ಸ್ಟೇ ಇದ್ರೂ ಜೆಸಿಬಿ ತಂದ್ರೆ?

ಪ್ರಶ್ನೆ: ನಮಸ್ಕಾರ ಸರ್. ತಾತನ ಕಾಲದ 2 ಎಕರೆ ಜಮೀನಿನ ಪಾಲಿನ ಕೇಸು ತಾಲೂಕು ಕೋರ್ಟಲ್ಲಿದೆ, ಯಥಾಸ್ಥಿತಿ ಕಾಪಾಡ್ಬೇಕು ಅಂತ ಆರ್ಡರ್ ಕೂಡ ಆಗಿದೆ. ಆದ್ರೂ ದಸರಾ ರಜೆ ನೋಡ್ಕೊಂಡು ದೊಡ್ಡಪ್ಪನ ಮಗ ರಾತ್ರೋರಾತ್ರಿ ಜೆಸಿಬಿ ತರ್ಸಿ ಬದು ಕಿತ್ತಾಕಿ, ನಾಲ್ಕು ತೆಂಗಿನಮರ ಉರುಳ್ಸಿ, ಮನೆಗೆ ಪಾಯ ತೆಗ್ಸಿದಾನೆ. ಸ್ಟೇಷನ್ನಲ್ಲಿ ಸಿವಿಲ್ ಮ್ಯಾಟರ್ ಅಂತ ವಾಪಸ್ ಕಳ್ಸಿದ್ರು. ಊರಲ್ಲಿ ಎಲ್ರೂ ಸೀದಾ ಹೈಕೋರ್ಟಲ್ಲಿ ನ್ಯಾಯಾಂಗ ನಿಂದನೆ ಹಾಕು, ಒಳಗೋಗ್ತಾನೆ ಅಂತಿದಾರೆ. ಮೊಬೈಲಲ್ಲಿ ಫೋಟೋ ಇದೆ, ಸಾಕಾ?
– ಓದುಗರು, ತುಮಕೂರು ಜಿಲ್ಲೆ

ಉತ್ತರ: ಊರೋರ ಮಾತು ಕೇಳಿ ಬೆಂಗಳೂರು ಬಸ್ ಹತ್ಬೇಡಿ. ಕೆಳಗಿನ ಕೋರ್ಟಿನ ಮಧ್ಯಂತರ ತಡೆಯಾಜ್ಞೆ ಮುರಿದ್ರೆ ದಾರಿ ಅದೇ ಕೋರ್ಟಲ್ಲಿದೆ, ಸಿವಿಲ್ ಪ್ರಕ್ರಿಯಾ ಸಂಹಿತೆ ಆದೇಶ 39 ನಿಯಮ 2ಎ. ಮುರಿದವರ ಆಸ್ತಿ ಜಪ್ತಿ ಮಾಡ್ಬೋದು, 3 ತಿಂಗಳವರೆಗೆ ಸಿವಿಲ್ ಜೈಲಿಗೂ ಹಾಕ್ಬೋದು. 1971ರ ನ್ಯಾಯಾಂಗ ನಿಂದನೆ ಕಾಯ್ದೆಯಲ್ಲಿ 6 ತಿಂಗಳು ಜೈಲು, 2000 ರೂಪಾಯಿ ದಂಡ ಇದೆ ನಿಜ, ಆದ್ರೆ 2ಎ ಇಟ್ಕೊಂಡು ಇಲ್ಲಿಗ್ಯಾಕೆ ಬಂದ್ರಿ ಅಂತ ಹೈಕೋರ್ಟಲ್ಲಿ ಸಾಮಾನ್ಯವಾಗಿ ಕೇಳೇ ಕೇಳ್ತಾರೆ. ಹೈಕೋರ್ಟೇ ಕೊಟ್ಟ ಆರ್ಡರ್ ಮುರಿದಿದ್ರೆ, ಅಲ್ಲಿ ಒಪ್ಕೊಂಡು ಬರ್ಕೊಟ್ಟಿದ್ದಕ್ಕೆ ತಪ್ಪಿದ್ರೆ ಆಗ ಬೇರೆ ಮಾತು, ಅದಕ್ಕೂ 1 ವರ್ಷದ ಗಡುವಿದೆ.

ಈಗ ಅಸಲು ವಿಷಯಕ್ಕೆ ಬರೋಣ. ಪಾಯ ತೆಗ್ದಿದಾನೆ ಅಂತ ತೋರ್ಸೋದು ಸುಲಭ, ಆರ್ಡರ್ ಇದೆ ಅಂತ ಗೊತ್ತಿದ್ದೂ ಬೇಕಂತಲೇ ತೆಗ್ದಿದಾನೆ ಅಂತ ತೋರ್ಸೋದ್ರಲ್ಲೇ ಮುಕ್ಕಾಲು ಅರ್ಜಿಗಳು ಬಿದ್ದೋಗೋದು. ಮಂಬಳ್ಳೀಸ್ ಬೇಕರಿ ಕೇಸಲ್ಲಿ 2019ರಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಹೇಳಿದ್ದು, ಬರೀ ಉಲ್ಲಂಘನೆ ಸಾಲದು, ಉದ್ದೇಶಪೂರ್ವಕ ಅಂತ ಕಾಣ್ಬೇಕು. ಹಾಗಾಗಿ ಮೊದ್ಲು ಆರ್ಡರ್ ಶೀಟಿನ ಸರ್ಟಿಫೈಡ್ ಕಾಪಿ ತಗೊಳ್ಳಿ. ಆರ್ಡರ್ ಆದ ದಿನ ಅವನ ವಕೀಲರು ಹಾಜರಿದ್ರಾ, ವಕಾಲತ್ತು ಯಾವ ತಾರೀಖು ಹಾಕಿದಾರೆ, ಅಮೀನ (ಕೋರ್ಟ್ ನೋಟೀಸ್ ತಲುಪಿಸೋನು) ನೋಟೀಸ್ ಕೊಟ್ಟು ಸಹಿ ಮಾಡಿಸ್ಕೊಂಡಿದಾನಾ, ಒಂದೊಂದೂ ನೋಡಿ. ಅವನಿಗೆ ಗೊತ್ತಿಲ್ದೆ ಏಕಪಕ್ಷೀಯವಾಗಿ ತಗೊಂಡ ಆರ್ಡರ್ ಆಗಿದ್ರೆ ಅರ್ಜಿ, ದಾವೆ ಪ್ರತಿ ಎಲ್ಲಾ ರಿಜಿಸ್ಟರ್ಡ್ ಪೋಸ್ಟಲ್ಲಿ ಕಳ್ಸಿ, ಕಳ್ಸಿದೀವಿ ಅಂತ ಅವತ್ತೇ ಅಥವಾ ಮಾರನೇ ದಿನ ಅಫಿಡವಿಟ್ ಹಾಕ್ಬೇಕಿತ್ತು. ಅದನ್ನ ನಿಮ್ ಕಡೆಯವರೇ ಮರ್ತಿದ್ರೆ ಅವನ ವಕೀಲರು ಹಿಡಿಯೋದು ಅದನ್ನೇ.

ಇನ್ನೊಂದು ಗೋಳು ಅಂದ್ರೆ ಈ ‘ಯಥಾಸ್ಥಿತಿ’ ಅನ್ನೋ ಪದ. ಯಾವ ಸ್ಥಿತಿ? ಎಷ್ಟೋ ಆರ್ಡರಲ್ಲಿ ಅಷ್ಟೇ ಬರ್ದು ಬಿಟ್ಟಿರ್ತಾರೆ, ಆಮೇಲೆ ಇವ್ನು ಬಂದು ಪಾಯ ಮೊದ್ಲೇ ಇತ್ತು ಸ್ವಾಮಿ ಅಂತಾನೆ. ಅದಕ್ಕೇ ಆರ್ಡರ್ ಆದ ದಿನ ಬದು ಎಲ್ಲಿತ್ತು, ಮರ ಎಷ್ಟಿತ್ತು ಅನ್ನೋದಕ್ಕೆ ಹಳೇ ಫೋಟೋ, ಪಹಣಿ, ಸರ್ವೆ ಸ್ಕೆಚ್, ದಾವೆಯಲ್ಲಿ ಬರೆದ ಚಕ್ಕುಬಂದಿ (ನಾಲ್ಕೂ ದಿಕ್ಕಿನ ಗಡಿ) ಎಲ್ಲಾ ಜೋಡಿಸಿ.

ಫೋಟೋ ವಿಷಯ. ವಾಟ್ಸಾಪಲ್ಲಿ ತಿರುಗಾಡಿದ ಕಾಪಿ ನಂಬ್ಕೋಬೇಡಿ, ತೆಗೆದ ಫೋನ್ ಹಾಗೇ ಇಟ್ಕೊಳ್ಳಿ, ಫಾರ್ಮ್ಯಾಟ್ ಗೀರ್ಮ್ಯಾಟ್ ಹೊಡೀಬೇಡಿ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಂ ಪ್ರಕಾರ ಡಿಜಿಟಲ್ ಸಾಕ್ಷ್ಯದ ಸರ್ಟಿಫಿಕೇಟ್ ಜೊತೆಗಿರ್ಬೇಕು, ಅದ್ರಲ್ಲಿ ಒಂದು ಭಾಗ ನೀವು ತುಂಬೋದು, ಇನ್ನೊಂದು ತಜ್ಞರು. ಜೆಸಿಬಿ ಡ್ರೈವರ್ ಯಾರು ಕರೆಸಿದ್ರು ಅಂತ ಸಾಕ್ಷಿ ಹೇಳಿದ್ರೆ ಅದ್ರ ತೂಕವೇ ಬೇರೆ, ಆದ್ರೆ ಅವನು ನಿಮ್ಮೂರಲ್ಲೇ ಬಾಡಿಗೆ ಹೊಡ್ಕೊಂಡು ಬದುಕ್ಬೇಕಲ್ಲ, ಬರ್ತಾನೆ ಅಂತ ಗ್ಯಾರಂಟಿ ಇಲ್ಲ. ಅದಕ್ಕಿಂತ ಗಟ್ಟಿ ಅಂದ್ರೆ ಕೋರ್ಟ್ ಕಮಿಷನರ್, ಅಂದ್ರೆ ಜಾಗ ನೋಡಿ ವರದಿ ಕೊಡೋಕೆ ಕೋರ್ಟೇ ಕಳ್ಸೋ ವ್ಯಕ್ತಿ. ಅದೇ ಸಿವಿಲ್ ಸಂಹಿತೆಯ ಆದೇಶ 26 ನಿಯಮ 9ರಲ್ಲಿ ಈಗ್ಲೇ ಅರ್ಜಿ ಕೊಡಿ, ಸ್ವಾಧೀನ ಯಾರ್ದು ಅಂತ ನೋಡೋಕೆ ಕೇಳ್ಬೇಡಿ, ಅದನ್ನ ತಳ್ಳಾಕ್ತಾರೆ. ಕಿತ್ತ ಬದು, ಉರುಳ್ಸಿದ ಮರದ ಹಸಿ ಬುಡ, ಪಾಯದ ಉದ್ದಗಲ ಅಳೆದು ಬರೀಲಿ ಅಂತಷ್ಟೇ ಕೇಳಿ. ಒಂದ್ಸಲ ಉಳುಮೆ ಮಾಡಿ ರಾಗಿ ಚೆಲ್ಲಿದ ಅಂದ್ರೆ ಬದು ಇತ್ತು ಅಂತ ಮಣ್ಣು ಬಂದು ಸಾಕ್ಷಿ ಹೇಳಲ್ಲ.

ಪೊಲೀಸ್ನೋರ ಬಗ್ಗೆ: ಅದೇ ಸಿವಿಲ್ ಸಂಹಿತೆಯ ಕಲಂ 151ರಲ್ಲಿ ಪೊಲೀಸ್ ರಕ್ಷಣೆಗೆ ಅರ್ಜಿ ಹಾಕಿ, ಕೋರ್ಟೇ ಹೇಳಿದ್ಮೇಲೆ ಸಿವಿಲ್ ಮ್ಯಾಟರ್ ಅನ್ನೋಕಾಗಲ್ಲ.

ಪ್ರಶ್ನೆ: ಮಾರ್ಬಾರ್ದು ಅಂತ ಸ್ಟೇ ಇದ್ರೂ ನಮ್ಮ ಭಾವ ಸೈಟ್ ಮಾರ್ಬಿಟ್ಟಿದಾರೆ. ಏನ್ ಮಾಡೋದು ಮೇಡಂ, ಸಾರ್, ಯಾರಾದ್ರೂ ಹೇಳಿ.
– ಓದುಗರು, ದಾವಣಗೆರೆ

ಉತ್ತರ: ನಿಮ್ಮ ಕೆಲ್ಸ ಮೇಲಿನವರಿಗಿಂತ ಹಗುರ, ಕ್ರಯಪತ್ರವೇ ಸಾಕ್ಷಿ. ನೋಂದಣಿ ಇಲಾಖೆಯ ಕಾವೇರಿ ವೆಬ್‌ಸೈಟಲ್ಲಿ ಇಸಿ (ಋಣಭಾರ ಪ್ರಮಾಣಪತ್ರ) ತೆಗೀರಿ, ರಿಜಿಸ್ಟರ್ ಆದ ತಾರೀಖು ಆರ್ಡರ್ ತಾರೀಖಿನ ಪಕ್ಕ ಇಡಿ, ಭಾವನಿಗೆ ಆರ್ಡರ್ ಗೊತ್ತಿತ್ತು ಅನ್ನೋ ದಾಖಲೆ ಮಾತ್ರ ಇಲ್ಲೂ ಬೇಕು. ಕೋರ್ಟ್ ಬೇಡ ಅಂದ್ಮೇಲೆ ಮಾಡಿದ ವರ್ಗಾವಣೆಗೆ ಬೆಲೆ ಕೊಡಲ್ಲ ಅಂತ ಸುರ್ಜಿತ್ ಸಿಂಗ್ ಕೇಸಲ್ಲಿ 1995ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ತಗೊಂಡವ್ರನ್ನೂ ದಾವೆಗೆ ಪಾರ್ಟಿ ಮಾಡಿ, ಅವ್ರು ಇನ್ನೊಬ್ರಿಗೆ ದಾಟಿಸೋಕೆ ಮುಂಚೆ.