ಎಲೆಯಡಿಕೆಯ ಸುಣ್ಣ ಅಪರೂಪದ ಖನಿಜವೇ?

ಪ್ರಶ್ನೆ: ಖನಿಜಗಳ ಪಟ್ಟಿಯೊಂದರಲ್ಲಿ ಪೋರ್ಟ್‌ಲ್ಯಾಂಡೈಟ್ ಬಲು ಅಪರೂಪ ಎಂದು ಓದಿದೆ. ಸೂತ್ರ ನೋಡಿದರೆ ಅದು ಕ್ಯಾಲ್ಸಿಯಂ ಹೈಡ್ರಾಕ್ಸೈಡ್, ಅಂದರೆ ನಮ್ಮ ಅರಳಿಸಿದ ಸುಣ್ಣ! ಮನೆಮನೆಯಲ್ಲಿರುವ ವಸ್ತು ಅಪರೂಪ ಹೇಗಾಗುತ್ತದೆ? ಅದು ಭೂಮಿಯಲ್ಲಿ ಎಲ್ಲಿ ಸಿಗುತ್ತದೆ?
– ಪಿಯುಸಿ ವಿದ್ಯಾರ್ಥಿನಿ, ಬಾಗಲಕೋಟೆ

ಉತ್ತರ: ಸೂತ್ರವನ್ನು ಮನೆಯ ಸುಣ್ಣದೊಂದಿಗೆ ಹೋಲಿಸಿ ನೋಡಿದ್ದೀರಲ್ಲ, ಅದು ನನಗೆ ತುಂಬಾ ಹಿಡಿಸಿತು. ಎರಡೂ ಒಂದೇ ವಸ್ತು, ಅನುಮಾನ ಬೇಡ. ಗೋಡೆಯ ಸಿಮೆಂಟಿನಲ್ಲೂ ಇದೇ ಇದೆ. ನೀರು ಕುಡಿದು ಗಟ್ಟಿಯಾದ ಸಿಮೆಂಟಿನಲ್ಲಿ ಇದರ ಪಾಲು ಶೇಕಡ 20ರ ಆಸುಪಾಸು. ಆದರೆ ಮನುಷ್ಯ ತಯಾರಿಸಿದ್ದನ್ನು ಖನಿಜಶಾಸ್ತ್ರ ಖನಿಜವೆಂದು ಎಣಿಸುವುದಿಲ್ಲ. ನಿಸರ್ಗ ತಾನಾಗಿ ಮಾಡಿದ್ದು ಮಾತ್ರ ಲೆಕ್ಕಕ್ಕೆ ಬರುತ್ತದೆ, ಅದು ಬಹಳ ಕಡಿಮೆ.

ಕಾರಣವನ್ನು ನೀವೇ ನೋಡಬಹುದು. ಸುಣ್ಣದ ತಿಳಿನೀರನ್ನು ಲೋಟದಲ್ಲಿ ಮುಚ್ಚದೆ ಇಡಿ (ಕಣ್ಣಿಗೆ ಸಿಡಿಯದಂತೆ ಎಚ್ಚರ). ಸ್ವಲ್ಪ ಹೊತ್ತಿಗೆ ಮೇಲೆ ತೆಳುವಾದ ಬಿಳಿ ಪೊರೆ ಕಟ್ಟುತ್ತದೆ. ಬೆರಳಿನಿಂದ ತಟ್ಟಿದರೆ ಚೂರುಚೂರಾಗಿ ತಳ ಸೇರುತ್ತದೆ. ಅದು ಸುಣ್ಣವಲ್ಲ, ಕ್ಯಾಲ್ಸೈಟ್. ಗಾಳಿಯ ಇಂಗಾಲದ ಡೈಆಕ್ಸೈಡ್ ಸುಣ್ಣವನ್ನು ಮತ್ತೆ ಸುಣ್ಣದಕಲ್ಲಿನ ಪದಾರ್ಥವನ್ನಾಗಿ ಮಾಡಿಬಿಟ್ಟಿತು. ಬಂಡೆಯ ಬಿರುಕಿನಲ್ಲಿರುವ ಪೋರ್ಟ್‌ಲ್ಯಾಂಡೈಟಿಗೂ ಗಾಳಿ ತಾಗಿದರೆ ಇದೇ ಗತಿ. ಹರಿಯುವ ನೀರು ಸಿಕ್ಕರೆ ಅಷ್ಟಷ್ಟೇ ಕರಗಿ ಹೋಗುತ್ತದೆ.

ಹಾಗಾಗಿ ಅದು ಹುಟ್ಟಬೇಕಾದರೆ ನೆಲದೊಳಗೇ ಸುಣ್ಣದ ಗೂಡು ಉರಿಯಬೇಕು, ಆಮೇಲೆ ನೀರು ತಾಗಬೇಕು, ಗಾಳಿ ಮಾತ್ರ ಸುಳಿಯಬಾರದು. ಉತ್ತರ ಐರ್ಲೆಂಡಿನ ಆಂಟ್ರಿಮ್ ಪ್ರಾಂತ್ಯದ ಸ್ಕಾಟ್ ಹಿಲ್‌ನಲ್ಲಿ ಇದೆಲ್ಲ ಕೂಡಿಬಂದಿತ್ತು. ಅಲ್ಲಿ ಕುದಿಯುವ ಶಿಲಾರಸ ಸೀಮೆಸುಣ್ಣದ ಪದರಗಳೊಳಗೆ ನುಗ್ಗಿ ಅವನ್ನು ಬೇಯಿಸಿತು. ಸಿಮೆಂಟ್ ಕಾರ್ಖಾನೆಯ ಕುಲುಮೆಯಲ್ಲಿ ಆಗುವ ಕ್ಯಾಲ್ಸಿಯಂ ಸಿಲಿಕೇಟ್ ಅಲ್ಲಿ ಲಾರ್ನೈಟ್ ಎಂಬ ಖನಿಜವಾಗಿ ಸಿಕ್ಕಿದೆ. ಕೇಂಬ್ರಿಜ್‌ನ ಶಿಲಾವಿಜ್ಞಾನಿ ಸಿ. ಇ. ಟಿಲ್ಲಿ ಅದೇ ಗುಡ್ಡದಿಂದ 1933ರಲ್ಲಿ ಪೋರ್ಟ್‌ಲ್ಯಾಂಡೈಟನ್ನೂ ವಿವರಿಸಿ, ಪೋರ್ಟ್‌ಲ್ಯಾಂಡ್ ಸಿಮೆಂಟಿನ (ನಾವು ಮನೆ ಕಟ್ಟುವ ಮಾಮೂಲಿ ಸಿಮೆಂಟ್) ಹೆಸರನ್ನೇ ಇಟ್ಟರು. ಬಣ್ಣವಿಲ್ಲದ, ಆರು ಮೂಲೆಯ ಸಣ್ಣ ಬಿಲ್ಲೆಗಳು. ಸೀಳಿದ ಮೈಯಲ್ಲಿ ಮುತ್ತಿನ ಹೊಳಪು. ಗಡಸುತನ ಹತ್ತರ ಮೋಸ್ ಮಾಪಕದಲ್ಲಿ ಬರೀ 2, ಉಗುರಿನಿಂದ ಗೀರಬಹುದು.

ನನ್ನನ್ನು ಇನ್ನೂ ಹೆಚ್ಚು ಸೆಳೆಯುವ ತಾಣ ಉತ್ತರ ಜೋರ್ಡಾನಿನ ಮಕಾರಿನ್. ಯಾರ್ಮೂಕ್ ನದಿಯ ಬಳಿಯ ಈ ಜಾಗದಲ್ಲಿ ಶಿಲಾರಸದ ಸುಳಿವಿಲ್ಲ. ಜೈವಿಕ ಇಂಧನಾಂಶ ತುಂಬಿದ ಸುಣ್ಣಮಿಶ್ರಿತ ಬಂಡೆ ತಾನೇ ಹೊತ್ತಿ ಉರಿದು ಬೆಂದಿದೆ. ಅದರ ಮೂಲಕ ಇಳಿದ ನೀರು ಪೋರ್ಟ್‌ಲ್ಯಾಂಡೈಟನ್ನು ಕರಗಿಸಿಕೊಂಡು ಚಿಲುಮೆಯಾಗಿ ಹೊರಬರುತ್ತದೆ. ಪಿಎಚ್ ಸುಮಾರು 12.5, ಅಂದರೆ ನಿಮ್ಮ ಲೋಟದ ತಿಳಿನೀರಿನಷ್ಟೇ ಕ್ಷಾರ. ಅಣುತ್ಯಾಜ್ಯವನ್ನು ಸಿಮೆಂಟಿನಲ್ಲಿ ಹುದುಗಿಸಿ ನೆಲದಾಳದಲ್ಲಿಟ್ಟರೆ, ಸಾವಿರಾರು ವರ್ಷಗಳಲ್ಲಿ ಸೋರುವ ಇಂಥ ನೀರು ಸುತ್ತಲಿನ ಬಂಡೆಯನ್ನು ಏನು ಮಾಡೀತು? ಯಾವ ಪ್ರಯೋಗಾಲಯವೂ ಅಷ್ಟು ಕಾಲ ಕಾಯಲಾರದು. ಅದಕ್ಕೇ ಹಲವು ದೇಶಗಳ ವಿಜ್ಞಾನಿಗಳು ಮಕಾರಿನ್‌ನ ಬಂಡೆಗಳನ್ನು ಅಭ್ಯಾಸ ಮಾಡಿದ್ದಾರೆ.