50 ಲಕ್ಷದ ಗೃಹಸಾಲ ತೀರುವಷ್ಟರಲ್ಲಿ ನಿಜವಾಗಿ ಎಷ್ಟು ಕಟ್ಟಿರುತ್ತೇವೆ?

ನಿಮ್ಮ ಪ್ರಶ್ನೆಯನ್ನು ಎರಡು ಸಲ ಓದಿದೆ. ಬೆಂಗಳೂರಿನಲ್ಲಿ 65 ಲಕ್ಷದ ಫ್ಲ್ಯಾಟ್, ಅದಕ್ಕೆ 50 ಲಕ್ಷ ಸಾಲ, ಶೇ 8.5 ಬಡ್ಡಿ. ನಿಮಗೆ 20 ವರ್ಷ ಸಾಕು ಅನ್ನಿಸಿದೆ. ಸಾಲ ಕೊಡುವ ಕಡೆಯವರು ‘ಇಎಂಐ ಹಗುರಾಗುತ್ತೆ, 30 ವರ್ಷಕ್ಕೆ ಮಾಡಿಸಿ’ ಅನ್ನುತ್ತಿದ್ದಾರೆ. ಎಲ್ಲ ಮುಗಿದಾಗ ಕೈಯಿಂದ ಹೋಗಿರುವ ಹಣ ಎಷ್ಟು ಅನ್ನುವುದನ್ನು ಮಾತ್ರ ಯಾರೂ ಬಿಡಿಸಿ ಹೇಳುತ್ತಿಲ್ಲ ಎಂದು ಬರೆದಿದ್ದೀರಿ. ನಾನು ಬ್ಯಾಂಕಿನವನಲ್ಲ. 2021ರಲ್ಲಿ ಸಾಲ ಮಾಡಿ ತುಮಕೂರಿನಲ್ಲಿ ಮನೆ ಕೊಂಡವನು. ಒಂದೂವರೆ ವರ್ಷ ಏನನ್ನೂ ನೋಡದೆ ಕಂತು ಕಟ್ಟಿ, ಆಮೇಲೆ ಲೆಕ್ಕ ಕಲಿತೆ. ಅದಕ್ಕೇ ಸ್ವಲ್ಪ ಉದ್ದವಾಗಿ ಬರೆಯುತ್ತಿದ್ದೇನೆ.

ಮೊದಲು ನೇರ ಉತ್ತರ. ಬಡ್ಡಿದರ ಬದಲಾಗದೆ ಶೇ 8.5ರಲ್ಲೇ ಉಳಿಯಿತು ಅಂದುಕೊಳ್ಳಿ. 20 ವರ್ಷಕ್ಕೆ ತಿಂಗಳ ಕಂತು 43,391 ರೂಪಾಯಿ, ಒಟ್ಟು ಕಟ್ಟುವುದು 1 ಕೋಟಿ 4 ಲಕ್ಷ, ಅದರಲ್ಲಿ ಬಡ್ಡಿಯೇ 54 ಲಕ್ಷ. 30 ವರ್ಷಕ್ಕೆ ಮಾಡಿಸಿದರೆ ಕಂತು 38,446ಕ್ಕೆ ಇಳಿಯುತ್ತದೆ, ಒಟ್ಟು ಮೊತ್ತ 1 ಕೋಟಿ 38 ಲಕ್ಷಕ್ಕೆ ಏರುತ್ತದೆ, ಬಡ್ಡಿ 88 ಲಕ್ಷ. ತಿಂಗಳಿಗೆ ಐದು ಸಾವಿರಕ್ಕೂ ಕಡಿಮೆ ಉಳಿಸಲು 34 ಲಕ್ಷ ಹೆಚ್ಚಿಗೆ ತೆತ್ತಂತಾಯಿತು. 15 ವರ್ಷವಾದರೆ ಕಂತು 49,237, ಬಡ್ಡಿ 38 ಲಕ್ಷ 60 ಸಾವಿರದ ಹತ್ತಿರ. ನಿಮಗೀಗ 34 ಅಂದಿದ್ದೀರಿ. 30 ವರ್ಷದ ಸಾಲ ತೀರುವ ಹೊತ್ತಿಗೆ 64 ಆಗಿರುತ್ತದೆ. ಸಂಬಳ ನಿಂತ ಮೇಲಿನ ಆ ವರ್ಷಗಳ ಕಂತು ಎಲ್ಲಿಂದ ಬರುತ್ತದೆ ಎಂದು ‘ಹಗುರಾಗುತ್ತೆ’ ಅಂದವರನ್ನೇ ಒಮ್ಮೆ ಕೇಳಿ.

ಆದರೆ ಈ ಅಂಕಿಗಳು ಯಾವ ಇಎಂಐ ಕ್ಯಾಲ್ಕುಲೇಟರ್‌ನಲ್ಲೂ ಸಿಗುತ್ತವೆ. ನಾನು ಹೇಳಬೇಕಾದದ್ದು ಬೇರೆ ಇದೆ. ನಮ್ಮಪ್ಪ ತಿಪಟೂರಿನ ಕೊಬ್ಬರಿ ಮಂಡಿಯಲ್ಲಿ ಲೆಕ್ಕ ಬರೆಯುತ್ತಿದ್ದವರು. ನಾನು ಸಾಲ ಮಾಡಿದಾಗ ಅವರು ಕೇಳಿದ ಮೊದಲ ಮಾತು, ‘ನೂರಕ್ಕೆ ಎಷ್ಟು ಬೀಳುತ್ತೆ?’ ನನ್ನ ದರ ಆಗ ಶೇ 6.75. ತಿಂಗಳಿಗೆ ನೂರು ರೂಪಾಯಿಗೆ ಐವತ್ತಾರು ಪೈಸೆ. ಒಂದೂವರೆ ರೂಪಾಯಿ, ಎರಡು ರೂಪಾಯಿ ಬಡ್ಡಿಯ ಕೈಸಾಲಗಳನ್ನು ಕಂಡಿದ್ದ ಅವರಿಗೆ ಸಮಾಧಾನವಾಯಿತು. ವರ್ಷ ಕಳೆದ ಮೇಲೆ ಊರಿಗೆ ಹೋದಾಗ, ಊಟಕ್ಕೆ ಕೂತಲ್ಲೇ ಎರಡನೇ ಪ್ರಶ್ನೆ ಕೇಳಿದರು: ‘ಅಸಲು ಎಷ್ಟು ಕಳೀತಪ್ಪ?’ ನನಗೆ ಗೊತ್ತಿರಲಿಲ್ಲ. ಕಂತು 26,547 ಎಂದು ನಿದ್ದೆಯಲ್ಲಿ ಕೇಳಿದರೂ ಹೇಳುತ್ತಿದ್ದೆ. ಅಸಲು ಎಷ್ಟು ಉಳಿದಿದೆ ಅನ್ನುವುದನ್ನು ಒಮ್ಮೆಯೂ ನೋಡಿರಲಿಲ್ಲ.

ಗೃಹಸಾಲದ ನಿಜವಾದ ಬೆಲೆ ಆ ಎರಡನೇ ಪ್ರಶ್ನೆಯಲ್ಲಿದೆ. ನಿಮ್ಮ ಸಾಲಕ್ಕೇ ಹಾಕಿ ನೋಡೋಣ. 50 ಲಕ್ಷಕ್ಕೆ ಮೊದಲ ತಿಂಗಳ ಬಡ್ಡಿ 35,417 ರೂಪಾಯಿ. ನೀವು ಕಟ್ಟುವ 43,391ರಲ್ಲಿ ಅದು ಹೋಗಿ, ಅಸಲಿಗೆ ಜಮೆಯಾಗುವುದು 7,974 ಮಾತ್ರ. ಐದು ವರ್ಷ ತಪ್ಪದೆ ಕಟ್ಟಿದರೆ 26 ಲಕ್ಷ ಕೊಟ್ಟಿರುತ್ತೀರಿ, ಅಸಲು ಮಾತ್ರ ಇನ್ನೂ 44 ಲಕ್ಷ ನಿಂತಿರುತ್ತದೆ. ಹತ್ತು ವರ್ಷ, ಅಂದರೆ ಅರ್ಧ ಅವಧಿ ಮುಗಿದಾಗ 35 ಲಕ್ಷ ಬಾಕಿ. ಅಸಲು ಅರ್ಧಕ್ಕೆ, 25 ಲಕ್ಷಕ್ಕೆ ಬರಲು ಸುಮಾರು 13 ವರ್ಷ 10 ತಿಂಗಳು ಬೇಕು. ಇದರಲ್ಲಿ ಮೋಸವೇನೂ ಇಲ್ಲ. ಉಳಿದ ಅಸಲಿನ ಮೇಲೆ ಬಡ್ಡಿ, ಅಷ್ಟೇ. ಶುರುವಿನಲ್ಲಿ ಅಸಲು ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು. ಆದರೆ ಇದು ತಿಳಿಯದೆ ಆರನೇ ವರ್ಷಕ್ಕೆ ಫ್ಲ್ಯಾಟ್ ಮಾರಲು ಹೊರಟವರು, ‘ಇಷ್ಟೆಲ್ಲ ಕಟ್ಟಿದ್ದು ಎಲ್ಲಿ ಹೋಯಿತು’ ಎಂದು ಕಂಗಾಲಾಗುವುದನ್ನು ನೋಡಿದ್ದೇನೆ.

ಈಗ ನನಗಾದದ್ದು. ನಾನು 30 ಲಕ್ಷವನ್ನು 15 ವರ್ಷಕ್ಕೆ ತೆಗೆದುಕೊಂಡಿದ್ದೆ. ರೆಪೊ ದರಕ್ಕೆ, ಅಂದರೆ ರಿಸರ್ವ್ ಬ್ಯಾಂಕ್ ಬೇರೆ ಬ್ಯಾಂಕುಗಳಿಗೆ ಸಾಲ ಕೊಡುವ ದರಕ್ಕೆ ಜೋಡಿಸಿದ, ಏರಿಳಿಯುವ ದರದ ಸಾಲ. 2020ರ ಮೇ ತಿಂಗಳಿಂದ ಶೇ 4ರಲ್ಲಿದ್ದ ರೆಪೊ ದರವನ್ನು ರಿಸರ್ವ್ ಬ್ಯಾಂಕ್ 2022ರ ಮೇಯಿಂದ ಏರಿಸುತ್ತಾ ಹೋಗಿ 2023ರ ಫೆಬ್ರುವರಿಗೆ 6.5ಕ್ಕೆ ತಂದು ನಿಲ್ಲಿಸಿತು. ನನ್ನ ದರವೂ ಅದರ ಹಿಂದೆಯೇ 9.25 ಆಯಿತು. ಪ್ರತಿ ತಿಂಗಳು ಖಾತೆಯಿಂದ ಅದೇ 26,547 ಹೋಗುತ್ತಿತ್ತಾದ್ದರಿಂದ ಏನೂ ಬದಲಾಗಿಲ್ಲ ಅಂದುಕೊಂಡಿದ್ದೆ. ಮಾರ್ಚಿನಲ್ಲಿ ತೆರಿಗೆ ಲೆಕ್ಕಕ್ಕೆಂದು ಸ್ಟೇಟ್‌ಮೆಂಟ್ ತೆಗೆದರೆ, ಉಳಿದ ಕಂತುಗಳ ಸಂಖ್ಯೆ 162 ಇರಬೇಕಾದದ್ದು 227 ಆಗಿತ್ತು. ಸಾಲ ಕೊಟ್ಟವರು ಕಂತು ಏರಿಸದೆ ಅವಧಿಯನ್ನು ಐದು ವರ್ಷಕ್ಕೂ ಮೀರಿ ಎಳೆದಿದ್ದರು. ನನ್ನನ್ನು ಕೇಳಿರಲಿಲ್ಲ. ಹೆಚ್ಚಾದ 65 ಕಂತು ಅಂದರೆ 17 ಲಕ್ಷಕ್ಕೂ ಮೇಲೆ. ಅದರ ಬದಲು ಅವಧಿ ಹಾಗೇ ಇಟ್ಟು ಕಂತನ್ನು ಸುಮಾರು 4,250 ರೂಪಾಯಿ ಏರಿಸಿದ್ದರೆ, ಉಳಿದ 162 ತಿಂಗಳಿಗೆ ಸೇರಿ ಹೆಚ್ಚಿಗೆ ಬೀಳುತ್ತಿದ್ದದ್ದು 7 ಲಕ್ಷದ ಒಳಗೆ. ದರ ಏರಿಕೆ ಎರಡಕ್ಕೂ ಒಂದೇ. ಅದನ್ನು ಕಂತಿನಲ್ಲಿ ಹೊರುತ್ತೇವೋ ಅವಧಿಯಲ್ಲಿ ಹೊರುತ್ತೇವೋ ಅನ್ನುವುದೊಂದೇ 10 ಲಕ್ಷದ ವ್ಯತ್ಯಾಸ ಮಾಡುತ್ತದೆ. ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಮರುದಿನವೇ ಹೋಗಿ ಅರ್ಜಿ ಕೊಟ್ಟು ಕಂತನ್ನು 31,000ಕ್ಕೆ ಏರಿಸಿಕೊಂಡು ಅವಧಿಯನ್ನು ಮೊದಲಿನಂತೆ ಮಾಡಿಸಿದೆ.

ಈಗ ನಿಮಗೆ ಕಾನೂನಿನ ಬಲವಿದೆ. 2023ರ ಆಗಸ್ಟ್ 18ರ ರಿಸರ್ವ್ ಬ್ಯಾಂಕ್ ಸುತ್ತೋಲೆಯ ಪ್ರಕಾರ, ದರ ಬದಲಾದಾಗ ಕಂತು ಏರಿಸುವುದೋ, ಅವಧಿ ಹೆಚ್ಚಿಸುವುದೋ, ಎರಡನ್ನೂ ಸೇರಿಸುವುದೋ ಎಂದು ಆರಿಸುವ ಅವಕಾಶವನ್ನು ಸಾಲಗಾರನಿಗೆ ಕೊಡಬೇಕು. ಅವಧಿ ಎಷ್ಟೇ ಎಳೆದರೂ ಕಂತು ಆ ತಿಂಗಳ ಬಡ್ಡಿಗಾದರೂ ಸಾಲಬೇಕು, ಅಸಲು ಮೇಲಕ್ಕೆ ಬೆಳೆಯುವಂತಿಲ್ಲ. ನೀವು ಬಾಯಿಬಿಟ್ಟು ಕೇಳಬೇಕು, ಮತ್ತು ಬರಹದಲ್ಲಿ ಕೇಳಬೇಕು. ದರ ಇಳಿದಾಗಲೂ ಇದೇ ಎಚ್ಚರ ಬೇಕು. 2025ರಲ್ಲಿ ರೆಪೊ ನಾಲ್ಕು ಸಲ ಇಳಿದು 5.25ಕ್ಕೆ ಬಂತು. ಕಂತು ಇಳಿಸಿಕೊಳ್ಳಬಹುದಿತ್ತು. ನಾನು ಇಳಿಸಿಕೊಳ್ಳಲಿಲ್ಲ, 31,000ವನ್ನೇ ಕಟ್ಟುತ್ತಿದ್ದೇನೆ. ಉಳಿದದ್ದೆಲ್ಲ ಅಸಲಿಗೆ ಹೋಗುತ್ತಿದೆ.

ಇನ್ನು ಮುಂಗಡವಾಗಿ ಕಟ್ಟುವ ವಿಚಾರ. ಇದರಲ್ಲಿ ನನಗೆ ತುಂಬ ನಂಬಿಕೆ. ವ್ಯಕ್ತಿಗಳು ಏರಿಳಿಯುವ ದರದಲ್ಲಿ ಬ್ಯಾಂಕಿನಿಂದ ಪಡೆದ ಗೃಹಸಾಲಕ್ಕೆ ಮುಂಗಡ ಪಾವತಿಯ ದಂಡ ಹಾಕುವಂತಿಲ್ಲ, ಇದು 2012ರಿಂದಲೇ ಇರುವ ನಿಯಮ. ನಿಮ್ಮ 20 ವರ್ಷದ ಸಾಲಕ್ಕೆ ಶುರುವಿನಲ್ಲೇ 1 ಲಕ್ಷ ಹೆಚ್ಚಿಗೆ ಕಟ್ಟಿ, ಕಂತನ್ನು ಹಾಗೇ ಇಟ್ಟರೆ, ಕೊನೆಯ 12 ಕಂತುಗಳು ಉದುರಿಹೋಗುತ್ತವೆ. ಅಂದರೆ 5 ಲಕ್ಷ 20 ಸಾವಿರ. ಅದೇ 1 ಲಕ್ಷವನ್ನು ಹದಿನೈದನೇ ವರ್ಷದಲ್ಲಿ ಕಟ್ಟಿದರೆ ಇದರ ಹತ್ತಿರಕ್ಕೂ ಬರುವುದಿಲ್ಲ. ವರ್ಷಕ್ಕೊಂದು ಕಂತು ಹೆಚ್ಚಿಗೆ ಕಟ್ಟುತ್ತಾ ಹೋದರೆ ಸಾಲ ಸುಮಾರು 40 ತಿಂಗಳು ಬೇಗ ತೀರಿ, 10 ಲಕ್ಷದಷ್ಟು ಬಡ್ಡಿ ಉಳಿಯುತ್ತದೆ. ಸಂಬಳ ಏರಿದಂತೆ ಕಂತನ್ನೂ ವರ್ಷಕ್ಕೆ ಶೇ 5ರಂತೆ ಏರಿಸಿದರೆ 12 ವರ್ಷ 3 ತಿಂಗಳಿಗೆ ಮುಗಿಯುತ್ತದೆ, ಬಡ್ಡಿ 54 ಲಕ್ಷದಿಂದ 35 ಲಕ್ಷದ ಒಳಗೆ ಬರುತ್ತದೆ. ಆದರೆ ಹನ್ನೆರಡನೇ ವರ್ಷದಲ್ಲಿ ಕಂತು 74 ಸಾವಿರ ಆಗಿರುತ್ತದೆ. ಸಂಬಳ ನಿಜವಾಗಿ ಏರುವವರಿಗೆ ಮಾತ್ರ ಇದು ಸರಿ. ಮುಂಗಡ ಕಟ್ಟುವಾಗ ‘ಅವಧಿ ಇಳಿಸಿ, ಕಂತು ಇಳಿಸಬೇಡಿ’ ಎಂದು ಅರ್ಜಿಯಲ್ಲೇ ಬರೆಯಿರಿ. ಹಾಗೆಯೇ ಆರು ತಿಂಗಳ ಮನೆಖರ್ಚು ಮತ್ತು ಕಂತಿಗಾಗುವಷ್ಟು ಹಣವನ್ನು ಪಕ್ಕಕ್ಕಿಡದೆ ಇದಕ್ಕೆ ಕೈಹಾಕಬೇಡಿ. ಕಟ್ಟಿದ ಹಣ ಕೆಲಸ ಹೋದ ದಿನ ವಾಪಸು ಸಿಗುವುದಿಲ್ಲ.

‘ಹಣದುಬ್ಬರ ಇದೆಯಲ್ಲ, 20 ವರ್ಷದ ಮೇಲಿನ ಕಂತು ಲೆಕ್ಕಕ್ಕೇ ಇರುವುದಿಲ್ಲ’ ಎಂದು ನಿಮಗೆ ಹಲವರು ಹೇಳುತ್ತಾರೆ. ಅದು ಸುಳ್ಳಲ್ಲ. ವರ್ಷಕ್ಕೆ ಶೇ 6 ಬೆಲೆ ಏರಿಕೆ ಹಿಡಿದರೆ, ಕೊನೆಯ 43,391 ಇವತ್ತಿನ 13,500ಕ್ಕೆ ಸಮ. ಆದ್ದರಿಂದ 54 ಲಕ್ಷ ಬಡ್ಡಿಯನ್ನು ಇವತ್ತಿನ 54 ಲಕ್ಷ ಎಂದು ಓದಿ ಹೆದರುವುದು ಬೇಡ. ಆದರೆ ಸಂಬಳವೂ ಬೆಲೆಗಳ ಜೊತೆಗೇ ಏರಿದವರಿಗೆ ಮಾತ್ರ ಆ ಮಾತು ನಿಜ. ನಲವತ್ತೈದರ ಮೇಲೆ ಕೆಲಸ ಬದಲಾಗಿ ಸಂಬಳ ಇಳಿದವರಿಗೆ ಕಂತು ಪ್ರತಿ ವರ್ಷವೂ ಭಾರವಾಗುತ್ತಲೇ ಹೋಗುತ್ತದೆ.

ತೆರಿಗೆ ಉಳಿತಾಯದ ಆಸೆಗೆ ಸಾಲ ಎಳೆಯಬೇಡಿ. ಮೊದಲ ವರ್ಷ ನಿಮ್ಮ ಬಡ್ಡಿ 4 ಲಕ್ಷ 21 ಸಾವಿರದ ಆಸುಪಾಸು. ಸ್ವಂತ ವಾಸದ ಮನೆಗೆ ಹಳೆಯ ತೆರಿಗೆ ಪದ್ಧತಿಯಲ್ಲಿ 2 ಲಕ್ಷದವರೆಗೆ ಮಾತ್ರ ವಿನಾಯಿತಿ. ಶೇ 30ರ ಹಂತದಲ್ಲಿದ್ದರೂ ಸೆಸ್ ಸೇರಿ ಉಳಿಯುವುದು 62,400. ಹೊಸ ಪದ್ಧತಿಯಲ್ಲಿದ್ದರೆ ಅದೂ ಇಲ್ಲ.

ಕಂತಿನಲ್ಲಿ ಕಾಣದ ಖರ್ಚುಗಳೂ ಇವೆ. ಕರ್ನಾಟಕದಲ್ಲಿ 45 ಲಕ್ಷ ಮೀರಿದ ಆಸ್ತಿಗೆ ಮುದ್ರಾಂಕ ಶುಲ್ಕ ಶೇ 5, ಅದರ ಮೇಲೆ ಸೆಸ್ ಮತ್ತು ಸರ್‌ಚಾರ್ಜ್, ಜೊತೆಗೆ ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 2 ಆಗಿದೆ. ನಗರದಲ್ಲಿ ಎಲ್ಲ ಸೇರಿ ಶೇ 7.6. ನಿಮ್ಮ 65 ಲಕ್ಷಕ್ಕೆ ಸುಮಾರು 4 ಲಕ್ಷ 94 ಸಾವಿರ. ಇದನ್ನು ಗೃಹಸಾಲದಲ್ಲಿ ಸೇರಿಸಿ ಕೊಡುವುದಿಲ್ಲ, ಕೈಯಿಂದಲೇ ಹಾಕಬೇಕು. ಇದಕ್ಕೆಂದು ಪರ್ಸನಲ್ ಲೋನ್ ಮಾಡಬೇಡಿ, ಅದರ ಬಡ್ಡಿ ಬೇರೆಯೇ ಮಟ್ಟದ್ದು. ಫ್ಲ್ಯಾಟ್ ಇನ್ನೂ ಕಟ್ಟುತ್ತಿರುವ ಹಂತದಲ್ಲಿದ್ದರೆ ಪ್ರೀ-ಇಎಂಐ ಎಂದು ಬರೀ ಬಡ್ಡಿ ಕಟ್ಟಿಸಿಕೊಳ್ಳುತ್ತಾರೆ. ಆ ತಿಂಗಳುಗಳಲ್ಲಿ ಅಸಲು ಒಂದು ರೂಪಾಯಿಯೂ ಕರಗುವುದಿಲ್ಲ, ಮೇಲಿನಿಂದ ಬಾಡಿಗೆಯೂ ನಡೆಯುತ್ತಿರುತ್ತದೆ.

ವಿಮೆಯ ಬಗ್ಗೆ ಪ್ರತ್ಯೇಕವಾಗಿ ಹೇಳಬೇಕು. ಸಹಿ ಹಾಕುವ ದಿನ ಒಂದೇ ಕಂತಿನ ಸಾಲರಕ್ಷಣೆ ವಿಮೆಯ ಕಾಗದವನ್ನೂ ನಡುವೆ ಇಡುತ್ತಾರೆ, ಪ್ರೀಮಿಯಂ ಸಾಲಕ್ಕೇ ಸೇರಿಸುತ್ತಾರೆ. 1.5 ಲಕ್ಷ ಪ್ರೀಮಿಯಂ ಸಾಲಕ್ಕೆ ಸೇರಿದರೆ, 20 ವರ್ಷದಲ್ಲಿ ಅದಕ್ಕೆ ಕಟ್ಟುವುದು 3 ಲಕ್ಷ 12 ಸಾವಿರ. ಮನೆಯಲ್ಲಿ ದುಡಿಯುವವರು ನೀವೊಬ್ಬರೇ ಆಗಿದ್ದರೆ ವಿಮೆ ಖಂಡಿತ ಇರಲಿ, ನಿಮ್ಮ ಮನೆಯವರ ತಲೆಯ ಮೇಲಿನ ಸೂರು ಉಳಿಯುವುದು ಅದರಿಂದಲೇ. ಆದರೆ ಪ್ರತ್ಯೇಕವಾಗಿ ಟರ್ಮ್ ಪಾಲಿಸಿ (ಅವಧಿಯೊಳಗೆ ತೀರಿಕೊಂಡರೆ ಮಾತ್ರ ಹಣ ಬರುವ ಜೀವವಿಮೆ) ಮಾಡಿಸಿ, ವರ್ಷ ವರ್ಷ ಕಟ್ಟಿ.

20 ವರ್ಷವೋ 30 ವರ್ಷವೋ? 43 ಸಾವಿರ ಕಟ್ಟಿಯೂ ಮನೆ ನಡೆಯುತ್ತದೆ ಅನ್ನುವುದಾದರೆ 20ಕ್ಕೇ ಮಾಡಿ. 30ಕ್ಕೆ ಮಾಡಿಸಿ, ಕೈಲಾದಾಗ ಹೆಚ್ಚಿಗೆ ಕಟ್ಟುತ್ತೇನೆ ಅನ್ನುವವರಿದ್ದಾರೆ. ಲೆಕ್ಕದಲ್ಲಿ ಅದು ಸರಿ, ಆದಾಯ ಏರುಪೇರಾಗುವ ವ್ಯಾಪಾರಸ್ಥರಿಗೆ ಒಳ್ಳೆಯದೂ ಹೌದು. ಆದರೆ ನನ್ನ ಜೊತೆ ಕೆಲಸ ಮಾಡುವ ಮೂವರು ಹಾಗೆಂದೇ ತೆಗೆದುಕೊಂಡರು. ಹೆಚ್ಚಿಗೆ ಕಟ್ಟಿದವರು ಒಬ್ಬರೇ.

ಸಹಿ ಹಾಕುವ ಮೊದಲು ಕೀ ಫ್ಯಾಕ್ಟ್ ಸ್ಟೇಟ್‌ಮೆಂಟ್ ಕೇಳಿ ಪಡೆಯಿರಿ. 2024ರ ಅಕ್ಟೋಬರ್ 1ರಿಂದ ಇದನ್ನು ಕೊಡಲೇಬೇಕು. ವಿಮೆ, ಪ್ರೊಸೆಸಿಂಗ್ ಫೀ ಎಲ್ಲ ಸೇರಿಸಿದ ವಾರ್ಷಿಕ ದರ ಅದರಲ್ಲಿರುತ್ತದೆ, ತಿಂಗಳು ತಿಂಗಳಿನ ಅಸಲು-ಬಡ್ಡಿಯ ಪಟ್ಟಿಯೂ ಇರುತ್ತದೆ. ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ ಇರಬೇಕು ಅನ್ನುವುದು ನಿಯಮದಲ್ಲೇ ಇದೆ, ಕನ್ನಡದಲ್ಲಿ ಕೇಳಿ. ಓದಿ ಒಪ್ಪಲು ಕನಿಷ್ಠ 3 ಕೆಲಸದ ದಿನಗಳ ಸಮಯ ನಿಮಗಿರುತ್ತದೆ. ‘ಇವತ್ತೇ ಸಹಿ ಮಾಡಿ’ ಎಂದರೆ ಮನೆಗೆ ಬಂದುಬಿಡಿ.

ನನ್ನ 30 ಲಕ್ಷ ಈಗ 21 ಲಕ್ಷದ ಆಸುಪಾಸಿಗೆ ಇಳಿದಿದೆ. ಬೋನಸ್ ಬಂದ ವರ್ಷಗಳಲ್ಲಿ ಒಂದೊಂದು ಲಕ್ಷ ಹಾಕಿದ್ದೇನೆ. ಅಪ್ಪ ಈಗಲೂ ಫೋನಿನಲ್ಲಿ ಅಸಲನ್ನೇ ಕೇಳುತ್ತಾರೆ, ನಾನು ತಡವರಿಸದೆ ಹೇಳುತ್ತೇನೆ. ನಿಮಗೆ ಕೊಟ್ಟಿರುವ ಪಟ್ಟಿಯ ಮೊದಲ ವರ್ಷದ ಸಾಲುಗಳನ್ನು ಇಲ್ಲೇ ಹಾಕಿ, ಹೆಸರು ಖಾತೆ ಸಂಖ್ಯೆ ತೆಗೆದು. ಭಾನುವಾರ ಕೂತು ನಿಮ್ಮ ಲೆಕ್ಕ ಮಾಡಿ ಕಳಿಸುತ್ತೇನೆ.